ಗೆಲುವಿನ ಲೆಕ್ಕ, ನಡತೆಯ ಲೆಕ್ಕ: ಒಂದು ಜಪಾನೀ ಗಣಕಕ್ರೀಡೆಯ ಪರಿಚಯ

ಯುದ್ಧವನ್ನು ರಣರಂಗದಿಂದ ಮಣೆಯ ಮೇಲಕ್ಕೆ ತಂದು, ರಕ್ತಪಾತವನ್ನು ಕಳೆದು, ಅದರ ಬುದ್ಧಿಯ ಭಾಗವನ್ನಷ್ಟೇ ಉಳಿಸಿಕೊಂಡು ಆಡುವ ಕಲೆ ಭಾರತೀಯರಿಗೆ ಬಹು ಪ್ರಾಚೀನವಾದುದು. ಏಳನೆಯ ಶತಮಾನದ ಬಾಣಭಟ್ಟನ ಹರ್ಷಚರಿತದಲ್ಲಿಯೇ ಚತುರಂಗದ ಪ್ರಸ್ತಾಪವುಂಟು. ರಥ, ಗಜ, ತುರಗ, ಪದಾತಿಗಳ ಈ ಪುಟ್ಟ ಸೇನೆ ಪಾರಸಿಕ ದೇಶದ ಮಾರ್ಗವಾಗಿ ಪಶ್ಚಿಮಕ್ಕೆ ಹೋಗಿ 'ಚೆಸ್' ಆಯಿತು. ಪೂರ್ವಕ್ಕೆ ಸಾಗಿ ಜಪಾನಿನಲ್ಲಿ 'ಶೋಗಿ' ಆಯಿತೆಂಬುದು ಬಹುತೇಕ ವಿದ್ವಾಂಸರ ಅಭಿಪ್ರಾಯ. ಅದೇ ಜಪಾನಿನಲ್ಲಿ ಕಳೆದ ಶತಮಾನದ ಕೊನೆಯ ದಶಕಗಳಲ್ಲಿ ಗಣಕಯಂತ್ರದ ನೆರವಿನಿಂದ ಒಂದು ಹೊಸ ಬಗೆಯ ಯುದ್ಧಕ್ರೀಡೆ ಹುಟ್ಟಿತು. ಅದರ ಪೈಕಿ ಅತ್ಯಂತ ವಿಚಾರಯೋಗ್ಯವಾದ ಒಂದನ್ನು ವಿದ್ಯಾರ್ಥಿಗಳಿಗೆ ಪರಿಚಯ ಮಾಡಿಕೊಡುವುದು ಪ್ರಸ್ತುತ ಲೇಖನದ ಉದ್ದೇಶ. ಅದರ ಹೆಸರು 'ಓಗರ್ ಬ್ಯಾಟಲ್'. ಕ್ವೆಸ್ಟ್ ಎಂಬ ಸಂಸ್ಥೆ ಅದನ್ನು 1993ರ ಮಾರ್ಚ್ ತಿಂಗಳಿನಲ್ಲಿ ನಿಂಟೆಂಡೊ ಸಂಸ್ಥೆಯ 'ಸೂಪರ್ ಫ್ಯಾಮಿಕಾಮ್' ಯಂತ್ರಕ್ಕಾಗಿ ಹೊರತಂದಿತು. ಯಾಸುಮಿ ಮಾತ್ಸುನೊ ಎಂಬವರು ಅದರ ನಿರ್ದೇಶಕರು.

ಹೆಸರನ್ನು ಕೇಳಿ ನಮ್ಮವರು ಪುಳಿಯೋಗರೆಯನ್ನು ನೆನೆಯಬೇಕಾದುದಿಲ್ಲ. ಕನ್ನಡದ 'ಓಗರ'ವು ಅನ್ನ. ಇಂಗ್ಲಿಷಿನ 'ಓಗರ್' ಆ ಅನ್ನವನ್ನೂ ಅದನ್ನು ಬೇಯಿಸಿದವನನ್ನೂ ಒಟ್ಟಿಗೆ ನುಂಗುವ ರಾಕ್ಷಸ. ಆಟದ ಪೂರ್ಣ ಹೆಸರಿನಲ್ಲಿ 'ದಿ ಮಾರ್ಚ್ ಆಫ್ ದಿ ಬ್ಲ್ಯಾಕ್ ಕ್ವೀನ್', ಅಂದರೆ ಕಪ್ಪು ರಾಣಿಯ ದಂಡಯಾತ್ರೆ ಎಂಬ ಮಾತೂ ಉಂಟು. ಈ ಎರಡೂ 'ಕ್ವೀನ್' ಎಂಬ ಆಂಗ್ಲ ವಾದ್ಯವೃಂದದ 1974ರ ಗೀತಮಾಲೆಯೊಂದರಲ್ಲಿರುವ ಹಾಡುಗಳ ಹೆಸರುಗಳು. ಆ ಹಾಡುಗಳನ್ನು ಬರೆದ ಫ್ರೆಡ್ಡಿ ಮರ್ಕ್ಯುರಿಯ ಮೂಲನಾಮ ಫರೋಕ್ ಬುಲ್ಸಾರಾ; ಪಾರ್ಸಿ ಮನೆತನದ ಆ ಬಾಲಕ ಓದಿದ್ದು ನಮ್ಮ ನೆರೆಯ ಮಹಾರಾಷ್ಟ್ರದ ಪಂಚಗಣಿಯ ವಸತಿಶಾಲೆಯಲ್ಲಿ. ಪಂಚಗಣಿಯಲ್ಲಿ ಕಲಿತವನು ಲಂಡನ್ನಿನಲ್ಲಿ ಕಟ್ಟಿದ ಹಾಡಿನ ಹೆಸರು ಜಪಾನಿನ ಯುದ್ಧಕ್ರೀಡೆಗೆ ಶಿರೋನಾಮೆಯಾದುದು ಒಂದು ಸ್ವಾರಸ್ಯ.

ಈ ಬಗೆಯ ಆಟದಲ್ಲಿ ಎರಡು ಪ್ರತ್ಯೇಕ ಕಲೆಗಳು ಬೆರೆತಿವೆ. ಒಂದನ್ನು 'ರಿಯಲ್ ಟೈಮ್ ಸ್ಟ್ರಾಟಜಿ' ಎನ್ನುವರು; ನಿಲ್ಲದ ಕಾಲದಲ್ಲಿ ನಡೆಸುವ ವ್ಯೂಹರಚನೆ ಎಂದು ಇದರ ಅರ್ಥ. ಇನ್ನೊಂದನ್ನು 'ರೋಲ್ ಪ್ಲೇಯಿಂಗ್' ಎನ್ನುವರು, ಇದು ಪಾತ್ರಧಾರಣೆ. ಇವೆರಡನ್ನೂ ಬೇರೆಬೇರೆಯಾಗಿ ತಿಳಿದ ಹೊರತು ಅವುಗಳ ಬೆರಕೆಯ ವಿಶೇಷ ತಿಳಿಯದು.

ಮೊದಲನೆಯದನ್ನು ತೆಗೆದುಕೊಳ್ಳೋಣ. ಚದುರಂಗದಲ್ಲಿ ಕಾಲವು ನಮ್ಮ ಅಧೀನ. ನಾನು ಒಂದು ಕಾಯಿಯನ್ನು ನಡೆಸುವತನಕ ಎದುರಾಳಿಯು ಕೈಕಟ್ಟಿ ಕುಳಿತಿರಬೇಕು. ಅವನು ನಡೆಸುವಾಗ ನಾನು ಸುಮ್ಮನಿರಬೇಕು. ನಿಜವಾದ ರಣದಲ್ಲಿ ಇಂಥ ಸೌಜನ್ಯಕ್ಕೆ ಎಡೆಯಿಲ್ಲ. ಕ್ಯಾತ್ಸಂದ್ರದಲ್ಲಿ ನಮ್ಮ ಪಾಳೆಯ ಇಳಿದಿದೆಯೆಂದು ಭಾವಿಸಿರಿ. ಒಂದು ಕುದುರೆಪಡೆಯನ್ನು ಬಯಲು ದಾರಿಯಲ್ಲಿ ಗುಬ್ಬಿಗೆ ಕಳುಹಿದ್ದೀರಿ. ಒಂದು ಕಾಲಾಳುಪಡೆ ಕುಣಿಗಲ್ಲಿನತ್ತ ಹೊರಟಿದೆ. ರೆಕ್ಕೆಯುಳ್ಳ ಯೋಧರ ಸಣ್ಣ ತಂಡವೊಂದು ದೇವರಾಯನದುರ್ಗದ ಬೆಟ್ಟವನ್ನು ನೇರವಾಗಿ ಹಾರಿ ದಾಟುತ್ತಿದೆ. ಕಾಲಾಳುಗಳಾದರೆ ಆ ಏರಿನಲ್ಲಿ ಅರ್ಧ ದಿನವನ್ನು ಕಳೆಯುತ್ತಿದ್ದರು. ಇಷ್ಟರಲ್ಲಿ ದಾಬಸ್‌ಪೇಟೆಯ ಕಡೆಯಿಂದ ಶತ್ರುವಿನ ದಳವೊಂದು ಹೆದ್ದಾರಿಯ ಗುಂಟ ಬರುತ್ತಿದೆ. ನೀವು ಗುಬ್ಬಿಯ ಪಡೆಯನ್ನು ನೋಡುತ್ತ ಮೈಮರೆತರೆ ಬರಿದಾದ ಪಾಳೆಯಕ್ಕೆ ಶತ್ರು ನುಗ್ಗಿರುತ್ತಾನೆ. ಯಾವ ದಳವೂ ನಿಮ್ಮ ಗಮನಕ್ಕಾಗಿ ಕಾಯುವುದಿಲ್ಲ. ಸಾವಿರಾರು ಎಲೆಗೆ ಅಡುಗೆಯಾಗುವ ದಾಸೋಹದ ಮನೆಯಲ್ಲಿ ಒಂದು ಒಲೆಯ ಮೇಲೆ ಅನ್ನ, ಇನ್ನೊಂದರ ಮೇಲೆ ಸಾರು, ಮತ್ತೊಂದರ ಮೇಲೆ ಮುದ್ದೆಯ ಎಸರು ಏಕಕಾಲದಲ್ಲಿ ಕುದಿಯುತ್ತಿರುವಾಗ ಮೇಲ್ವಿಚಾರಕನಿಗೆ ಬೇಕಾದ ಕಣ್ಣು ಯಾವುದೋ, ಈ ಆಟಕ್ಕೆ ಬೇಕಾದ ಕಣ್ಣೂ ಅದೇ.

'ಓಗರ್ ಬ್ಯಾಟಲ್'ನ ಭೂಪಟವು ಇದೇ ಬಗೆಯದು. ಅದರಲ್ಲಿ ಬಯಲು, ಕಾಡು, ಬೆಟ್ಟ, ನೀರು ಇವೆ. ಊರುಗಳೂ ದೇವಾಲಯಗಳೂ ಅಲ್ಲಲ್ಲಿ ಹರಡಿವೆ. ಹಗಲು ಕಳೆದು ಇರುಳು ಬರುತ್ತದೆ. ಇರುಳಿನಲ್ಲಿ ಮಾತ್ರ ನಿಜರೂಪ ತಾಳುವ ತೋಳಮಾನವರಂಥ ಯೋಧರೂ ಉಂಟು. ನಡುಹಗಲಿಗೆ ಸರಿಯಾಗಿ ಬಿಡುಗಡೆಗೊಂಡ ಊರುಗಳ ಕಾಣಿಕೆಯು ಬೊಕ್ಕಸಕ್ಕೆ ಬರುತ್ತದೆ, ಕಣಕ್ಕಿಳಿದ ಪಡೆಗಳ ಖರ್ಚು ಅದರಿಂದ ಹೋಗುತ್ತದೆ. ಹೆಚ್ಚು ಪಡೆಗಳನ್ನು ಒಮ್ಮೆಗೇ ಹೊರಡಿಸಿದ ದಳಪತಿಯು ಗೆಲ್ಲುತ್ತಿರುವಾಗಲೇ ದಿವಾಳಿಯಾಗಬಹುದು. ಆಟಗಾರನು ಕಾಲವನ್ನು ಕ್ಷಣಕಾಲ ತಡೆದು ಆಜ್ಞೆಗಳನ್ನು ಕೊಡಬಹುದೆಂಬುದು ಒಂದು ರಿಯಾಯಿತಿ.

ಇನ್ನು ಪಾತ್ರಧಾರಣೆ. ಇದನ್ನು ವಿವರಿಸಲು ಗುಬ್ಬಿಗಿಂತ ತಕ್ಕ ಊರಿಲ್ಲ. 1884ರಲ್ಲಿ ಸ್ಥಾಪಿತವಾದ ಗುಬ್ಬಿ ಚನ್ನಬಸವೇಶ್ವರ ನಾಟಕ ಸಂಘವು ವೀರಣ್ಣನವರ ನೇತೃತ್ವದಲ್ಲಿ 'ಕುರುಕ್ಷೇತ್ರ' ನಾಟಕವನ್ನಾಡಿದಾಗ ರಂಗದ ಮೇಲೆ ನಿಜವಾದ ಆನೆ ಕುದುರೆಗಳನ್ನೇ ತಂದು ನಿಲ್ಲಿಸಿತ್ತೆಂಬುದನ್ನು ಈ ಜಿಲ್ಲೆಯ ಹಿರಿಯರು ಇಂದಿಗೂ ಅಭಿಮಾನದಿಂದ ಹೇಳುತ್ತಾರೆ. ಆದರೆ ನಾಟಕದಲ್ಲಿ ನಟನಿಗೆ ಒಂದು ಕಟ್ಟುಂಟು. ಸಾವಿರ ರಾತ್ರಿ ಆಡಿದರೂ ದುರ್ಯೋಧನನು ಸಂಧಿಗೆ ಒಪ್ಪುವಂತಿಲ್ಲ. ಸಾವಿರದ ಒಂದನೆಯ ರಾತ್ರಿಯೂ ಅವನ ತೊಡೆ ಮುರಿಯಲೇಬೇಕು. ಪಾತ್ರಧಾರಣೆಯ ಆಟದಲ್ಲಾದರೋ ಮಾತನ್ನು ಬರೆದಿಟ್ಟ ಕವಿಯಿಲ್ಲ. ಪಾತ್ರವನ್ನು ಧರಿಸಿದವನೇ ನಿರ್ಧರಿಸುತ್ತಾನೆ, ಆ ನಿರ್ಧಾರದ ಫಲವನ್ನು ಆಟವು ಅವನ ಮುಂದಿಡುತ್ತದೆ. ಅಮೆರಿಕದಲ್ಲಿ 1974ರಲ್ಲಿ ಪ್ರಕಟವಾದ 'ಡಂಜನ್ಸ್ ಅಂಡ್ ಡ್ರ್ಯಾಗನ್ಸ್' ಎಂಬ ಕಾಗದ-ದಾಳಗಳ ಆಟವು ಈ ಪದ್ಧತಿಗೆ ಮೂಲ. ಪಾತ್ರವು ಅನುಭವದಿಂದ ಬೆಳೆಯುವುದು ಇದರ ಇನ್ನೊಂದು ಲಕ್ಷಣ. ಚದುರಂಗದ ಕುದುರೆ ಹತ್ತು ಕಾಯಿಗಳನ್ನು ಹೊಡೆದರೂ ಅದೇ ಕುದುರೆ. ಇಲ್ಲಿನ ಸವಾರನು ಹತ್ತು ಕಾಳಗಗಳಲ್ಲಿ ಬದುಕಿ ಬಂದರೆ ಮೊದಲಿನವನಾಗಿ ಉಳಿಯುವುದಿಲ್ಲ.

ಈ ಎರಡನ್ನೂ ಕೂಡಿಸಿದ ಪ್ರಥಮ ಪ್ರಯತ್ನಗಳಲ್ಲಿ ಕೋಜಿ ಸುಮಿಯಿ ಎಂಬವರು ರಚಿಸಿದ 'ಬೊಕೊಸುಕಾ ವಾರ್ಸ್' ಗಣನೀಯ. ಅದು 1983ರಲ್ಲಿ ಶಾರ್ಪ್ ಸಂಸ್ಥೆಯ ಗೃಹಗಣಕಕ್ಕೂ 1985ರಲ್ಲಿ ನಿಂಟೆಂಡೊ 'ಫ್ಯಾಮಿಕಾಮ್' ಯಂತ್ರಕ್ಕೂ ಬಂದಿತು. ಸುರೆನ್ ಎಂಬ ದೊರೆಯು ತನ್ನ ಪಡೆಯೊಡನೆ ಉದ್ದನೆಯ ಸೀಮೆಯನ್ನು ದಾಟಿ ವೈರಿಯ ಕೋಟೆಯನ್ನು ಮುಟ್ಟಬೇಕು. ಪಡೆಯವರು ಒಂದೇ ದಿಕ್ಕಿಗೆ ಒಟ್ಟಾಗಿ ಸರಿಯುತ್ತಾರೆ. ಅಡ್ಡಬಂದ ಮರಗಳಿಗೆ ಸಿಕ್ಕಿ ಸಾಲು ಕದಡುತ್ತದೆ. ಗೆದ್ದು ಉಳಿದ ಸೈನಿಕರು ಬಲಿಷ್ಠರಾಗುತ್ತಾರೆ. ದೊರೆ ಸತ್ತರೆ ಆಟ ಮುಗಿಯಿತು. ಇಂದಿನ ಕಣ್ಣಿಗೆ ಅದು ಒರಟು ಬೊಂಬೆಯಾಟದಂತೆ ಕಾಣುವುದು. ಜಯಾಪಜಯಗಳಲ್ಲಿ ಅದೃಷ್ಟದ ಪಾಲು ಅತಿಯಾಯಿತೆಂದೇ ಹೇಳಬೇಕು. ಆದರೂ ಬೀಜ ಅಲ್ಲಿದೆ. ಹತ್ತು ವರ್ಷಗಳ ತರುವಾಯ ಬಂದ 'ಓಗರ್ ಬ್ಯಾಟಲ್' ಆ ಬೀಜದಿಂದ ಬೇರೆಯೇ ಒಂದು ಮರವನ್ನು ಬೆಳೆಸಿತು.

ಕಥೆ ಸಂಕ್ಷೇಪವಾಗಿ ಹೀಗಿದೆ. ಜೆನೋಬಿಯಾ ಎಂಬ ರಾಜ್ಯದ ಗ್ರಾನ್ ಎಂಬ ಅರಸನು ರಶಿದಿ ಎಂಬ ಮಾಂತ್ರಿಕನ ದ್ರೋಹಕ್ಕೆ ಬಲಿಯಾಗಿದ್ದಾನೆ. ಎಂಡೋರಾ ಎಂಬ ಸಾಮ್ರಾಜ್ಞಿಯು ಇಡೀ ಖಂಡವನ್ನು ಆಕ್ರಮಿಸಿ ದಬ್ಬಾಳಿಕೆ ನಡೆಸಿದ್ದಾಳೆ. ಅಳಿದುಳಿದ ಹಳೆಯ ಯೋಧರು ಗಡಿಯ ಮೂಲೆಯೊಂದರಲ್ಲಿ ಸೇರಿ ದಂಗೆಯ ಬಾವುಟವನ್ನು ಎತ್ತಲಿದ್ದಾರೆ. ಆ ದಂಗೆಯ ನಾಯಕನೇ ಆಟಗಾರ. ವಾರೆನ್ ಎಂಬ ಜೋಯಿಸನು ಆರಂಭದಲ್ಲಿ ಚಿತ್ರದೆಲೆಗಳನ್ನು ಹರಡಿ ಕೆಲವು ಪ್ರಶ್ನೆಗಳನ್ನು ಕೇಳುತ್ತಾನೆ. ನಾಯಕನ ಸ್ವಭಾವ, ಶಕ್ತಿ ಮತ್ತು ಆರಂಭದ ಪಡೆಗಳು ಆ ಉತ್ತರಗಳಿಂದ ನಿಶ್ಚಿತವಾಗುತ್ತವೆ. ಯುದ್ಧಶಕ್ತಿಯನ್ನು ಕೊಡುವ ಮೊದಲು ಮನಸ್ಸನ್ನು ಪರೀಕ್ಷಿಸುವ ಈ ಕ್ರಮವು ಗಮನಾರ್ಹ.

ಈ ಚಿತ್ರದೆಲೆಗಳು ಯೂರೋಪಿನ 'ಟ್ಯಾರೋ' ಎಂಬ ಕಟ್ಟಿನವು. ಊರೊಂದನ್ನು ಬಿಡಿಸಿದಾಗಲೆಲ್ಲ ಒಂದು ಎಲೆ ದೊರಕುತ್ತದೆ. ಕಾಳಗ ಬಿಗಡಾಯಿಸಿದಾಗ ಅದನ್ನು ಎಸೆದು ಅದರ ಶಕ್ತಿಯನ್ನು ಕರೆಯಬಹುದು. ಮೈಸೂರು ಸೀಮೆಯವರಿಗೆ ಚಿತ್ರದೆಲೆಗಳ ವೈಭವವನ್ನು ಹೊರಗಿನವರು ಬಂದು ಹೇಳಿಕೊಡಬೇಕಾಗಿಲ್ಲ. 1831ರಲ್ಲಿ ಆಂಗ್ಲರು ರಾಜ್ಯದ ಆಡಳಿತವನ್ನು ಕೈಗೆ ತೆಗೆದುಕೊಂಡ ಮೇಲೆ ಮುಮ್ಮಡಿ ಕೃಷ್ಣರಾಜ ಒಡೆಯರು ವಿದ್ಯೆ ಕಲೆಗಳ ಜತೆಗೆ ಕ್ರೀಡೆಗಳ ಪೋಷಣೆಯಲ್ಲಿಯೂ ತೊಡಗಿದರು. ಅವರ 'ಶ್ರೀತತ್ತ್ವನಿಧಿ'ಯ ಕೊನೆಯ ಭಾಗವಾದ ಕೌತುಕನಿಧಿಯಲ್ಲಿ 13 ಬಗೆಯ ಗಂಜೀಫಾ ಆಟಗಳ ವಿವರಣೆಯಿದೆ. ಕೆಲವು ಆಟಗಳಿಗೆ 18 ಬಣ್ಣಗಳ ಎಲೆಗಳು ಬೇಕು. ಅತಿ ದೊಡ್ಡ ಕಟ್ಟಿನಲ್ಲಿ 360 ಎಲೆಗಳಿರುತ್ತಿದ್ದವು. ರಾಜ್ಯಭಾರವನ್ನು ಕಳೆದುಕೊಂಡ ಅರಸರೊಬ್ಬರು ಚದುರಂಗದ ಮಣೆಯ ಮೇಲೆ, ಎಲೆಗಳ ಮೇಲೆ ಅಷ್ಟೊಂದು ರಾಜ್ಯಗಳನ್ನು ಕಟ್ಟಿದರೆಂಬುದನ್ನು ನೆನೆದಾಗ ಮನಸ್ಸು ಆರ್ದ್ರವಾಗುತ್ತದೆ. ಈ ಎಲೆಗಳನ್ನು ಬರೆಯುವ ಕಲೆಯು ನಮ್ಮ ಕಾಲದಲ್ಲಿ ಗಂಜೀಫಾ ರಘುಪತಿ ಭಟ್ಟರಿಂದ ಮತ್ತೆ ಬೆಳಕು ಕಂಡಿತು. ಮೈಸೂರಿನ ರಾಮ್ಸನ್ಸ್ ಕಲಾ ಪ್ರತಿಷ್ಠಾನವು 'ಕ್ರೀಡಾ ಕೌಶಲ್ಯ' ಎಂಬ ಹೆಸರಿನಲ್ಲಿ ಸಾಂಪ್ರದಾಯಿಕ ಆಟದ ಮಣೆಗಳ ಪ್ರದರ್ಶನಗಳನ್ನು ಏರ್ಪಡಿಸಿದೆ. ಅವಕಾಶವಿದ್ದವರು ನೋಡತಕ್ಕವು.

ಮತ್ತೆ ಜಪಾನಿನ ಆಟಕ್ಕೆ ಬರೋಣ. ಒಂದು ಪಡೆಯಲ್ಲಿ ಹೆಚ್ಚೆಂದರೆ ಐವರು, ಅವರಲ್ಲೊಬ್ಬ ನಾಯಕ. ಮುಂದಿನ ಸಾಲು, ಹಿಂದಿನ ಸಾಲು ಎಂದು ಅವರನ್ನು ನಿಲ್ಲಿಸಬೇಕು. ಕತ್ತಿಯವನು ಮುಂದಿನ ಸಾಲಿನಲ್ಲಿ ಹೆಚ್ಚು ಬಾರಿ ಹೊಡೆಯಬಲ್ಲ. ಮಂತ್ರವಾದಿಗೆ ಹಿಂದಿನ ಸಾಲೇ ಕ್ಷೇಮ. ಎರಡು ಪಡೆಗಳು ಎದುರಾದಾಗ ಕಾಳಗವು ತಾನೇತಾನಾಗಿ ನಡೆಯುತ್ತದೆ. ಒಬ್ಬೊಬ್ಬ ಯೋಧನ ಕೈಯನ್ನು ಹಿಡಿದು ಹೊಡೆಸಲು ಆಟಗಾರನಿಗೆ ಅಧಿಕಾರವಿಲ್ಲ. ಬಲಿಷ್ಠನನ್ನು ಹೊಡೆಯಿರಿ, ದುರ್ಬಲನನ್ನು ಹೊಡೆಯಿರಿ, ನಾಯಕನನ್ನು ಹೊಡೆಯಿರಿ, ಅಥವಾ ನಿಮಗೆ ಸರಿತೋರಿದಂತೆ ಮಾಡಿರಿ ಎಂಬ ನಾಲ್ಕು ಬಗೆಯ ಆಜ್ಞೆಗಳನ್ನಷ್ಟೇ ಅವನು ಕೊಡಬಲ್ಲ. ಕೆಲವೇ ಸುತ್ತುಗಳಲ್ಲಿ ಕಾಳಗ ಮುಗಿಯುತ್ತದೆ. ಹೆಚ್ಚು ಹಾನಿ ಮಾಡಿದ ಪಕ್ಷವು ಗೆದ್ದಿತೆಂದು ಲೆಕ್ಕ, ಸೋತ ಪಕ್ಷವು ಹಿಂದಕ್ಕೆ ತಳ್ಳಲ್ಪಡುತ್ತದೆ. ಕೆಲವರಿಗೆ ಇದು ನೀರಸವಾಗಿ ತೋರಿದರೆ ಆಶ್ಚರ್ಯವಿಲ್ಲ. ಕುಳಿತು ನೋಡುವ ಹೊತ್ತು ಈ ಆಟದಲ್ಲಿ ನಿಜವಾಗಿಯೂ ಹೆಚ್ಚು. ದೂರದ ಊರಿಗೆ ಪಡೆಯೊಂದು ನಡೆದು ಮುಟ್ಟುವಷ್ಟರಲ್ಲಿ ಒಂದು ಲೋಟ ಕಾಫಿ ಮುಗಿದಿರುತ್ತದೆ. ಆದರೆ ದಳಪತಿಯ ಕೆಲಸವೇ ಅಂಥದು. ಅವನು ತಕ್ಕವರನ್ನು ಆರಿಸಿ, ತಕ್ಕ ಜಾಗದಲ್ಲಿ ನಿಲ್ಲಿಸಿ, ತಕ್ಕ ಹೊತ್ತಿಗೆ ಕಳುಹಬೇಕು. ಮುಂದಿನದು ಹೋದವರ ಯೋಗ್ಯತೆ.

ಇಲ್ಲಿಯವರೆಗೆ ಹೇಳಿದುದು ಆಟದ ದೇಹ. ಅದರ ಜೀವವು ಬೇರೊಂದು ಕಡೆ ಇದೆ.

ಪ್ರತಿಯೊಬ್ಬ ಯೋಧನಿಗೂ ಬಲ, ಚುರುಕು, ಬುದ್ಧಿ ಮುಂತಾದವುಗಳ ಜತೆಗೆ ಇನ್ನೆರಡು ಅಂಕಗಳಿವೆ. ಮೊದಲನೆಯದು ಅವನ ನಡತೆಯನ್ನು, ಎರಡನೆಯದು ಜನರನ್ನು ಸೆಳೆಯುವ ಅವನ ವರ್ಚಸ್ಸನ್ನು ಅಳೆಯುತ್ತದೆ. ತನಗಿಂತ ಬಲಿಷ್ಠನಾದ ವೈರಿಯನ್ನು ಎದುರಿಸಿ ಗೆದ್ದರೆ ನಡತೆಯ ಅಂಕ ಏರುತ್ತದೆ. ತನಗಿಂತ ಬಹಳ ದುರ್ಬಲನಾದವನನ್ನು ಕೊಂದರೆ ಅದು ಇಳಿಯುತ್ತದೆ. ನೋಡಿ, ಎರಡೂ ಗೆಲುವುಗಳೇ. ರಣಾಂಗಣದ ಲೆಕ್ಕದಲ್ಲಿ ಎರಡಕ್ಕೂ ಭೇದವಿಲ್ಲ. ಎರಡರಿಂದಲೂ ಅನುಭವ ಬರುತ್ತದೆ. ಆದರೆ ಆಟವು ಬೇರೊಂದು ಪುಸ್ತಕದಲ್ಲಿ ಬೇರೆಯ ಲೆಕ್ಕವನ್ನು ಬರೆದುಕೊಳ್ಳುತ್ತಿರುತ್ತದೆ. ಯೋಧನ ಬಡ್ತಿಯೂ ಈ ಲೆಕ್ಕಕ್ಕೆ ಒಳಪಟ್ಟುದು. ನಡತೆ ಚೆನ್ನಾಗಿರುವ ಸವಾರನಷ್ಟೇ 'ಪ್ಯಾಲಡಿನ್' ಎಂಬ ಧರ್ಮಯೋಧನ ಪದವಿಗೆ ಅರ್ಹ. ಬಲದಲ್ಲಿ ಸಮನಾದರೂ ನಡತೆಯಲ್ಲಿ ಬಿದ್ದವನಿಗೆ ಆ ಬಾಗಿಲು ತೆರೆಯದು.

ಇದಲ್ಲದೆ ಇಡೀ ದಂಗೆಯ ಸೇನೆಗೆ ಜನರ ನಡುವೆ ಇರುವ ಹೆಸರನ್ನು ತೋರಿಸುವ ಒಂದು ಅಳತೆಪಟ್ಟಿಯುಂಟು. ಶತ್ರುವಿನ ವಶದಲ್ಲಿರುವ ಊರನ್ನು ಸಜ್ಜನಿಕೆಗೆ ಹೆಸರಾದ ಪಡೆಯು ಪ್ರವೇಶಿಸಿದರೆ ಊರವರು ಅದನ್ನು ಬಿಡುಗಡೆಯೆಂದು ಬಗೆದು ಸ್ವಾಗತಿಸುತ್ತಾರೆ, ಸೇನೆಯ ಹೆಸರು ಏರುತ್ತದೆ. ಅದೇ ಊರನ್ನು ಕ್ರೂರಿಗಳೆನಿಸಿದ ಪಡೆ ಹೊಕ್ಕರೆ ಊರವರ ಪಾಲಿಗೆ ಒಬ್ಬ ದಬ್ಬಾಳಿಕೆಗಾರ ಹೋಗಿ ಇನ್ನೊಬ್ಬ ಬಂದಂತಾಗುತ್ತದೆ, ಹೆಸರು ಇಳಿಯುತ್ತದೆ. ಊರು ನಮ್ಮ ವಶವಾದುದು ಎರಡು ಸಂದರ್ಭಗಳಲ್ಲಿಯೂ ನಿಜ. ಬಿಡಿಸಿಕೊಂಡ ಊರನ್ನು ಕಾಯದೆ ಬಿಟ್ಟು ಶತ್ರು ಮರಳಿ ಹಿಡಿದರೆ ಆಗಲೂ ಅಪಕೀರ್ತಿ ತಪ್ಪದು.

ಹೊಸದಾಗಿ ಆಡುವವನು ಸಾಮಾನ್ಯವಾಗಿ ಯಾವ ಗುಂಡಿಗೆ ಬೀಳುತ್ತಾನೆಂಬುದನ್ನು ಇಲ್ಲಿ ಹೇಳಬೇಕು. ಅವನು ಒಂದು ಪಡೆಯನ್ನು ಅಚ್ಚುಮೆಚ್ಚಿನಿಂದ ಬೆಳೆಸುತ್ತಾನೆ. ಎಲ್ಲ ಕಾಳಗಗಳಿಗೂ ಅದನ್ನೇ ಕಳುಹುತ್ತಾನೆ. ಅದು ದಿನೇ ದಿನೇ ಬಲಿಯುತ್ತದೆ, ಎದುರು ನಿಂತವರನ್ನೆಲ್ಲ ಎರಡೇ ಏಟಿಗೆ ಕೆಡಹುತ್ತದೆ. ಅವನಿಗೆ ಸಂತೋಷ. ಆದರೆ ಅಷ್ಟು ಬಲಿತ ಪಡೆಗೆ ಈಗ ಎದುರಾಗುವವರೆಲ್ಲರೂ ದುರ್ಬಲರೇ. ಪ್ರತಿ ಗೆಲುವೂ ದುರ್ಬಲನ ವಧೆಯೇ. ಅವನಿಗೆ ಅರಿವಾಗದಂತೆ ನಡತೆಯ ಅಂಕ ಕರಗುತ್ತ ಹೋಗುತ್ತದೆ. ಅರ್ಧ ಖಂಡವನ್ನು ಗೆದ್ದು ನಿಂತಾಗ ಜನರು ತನ್ನನ್ನು ಕಂಡು ಬಾಗಿಲು ಹಾಕಿಕೊಳ್ಳುತ್ತಿದ್ದಾರೆಂಬುದು ಕಾಣುತ್ತದೆ. ಒಳ್ಳೆಯ ಹೆಸರಿಲ್ಲದ ಸೇನೆಗೆ ಕೆಲವು ವೀರರು ಬಂದು ಸೇರುವುದೇ ಇಲ್ಲ. ಬಲವೇ ಅವನ ಹೆಸರನ್ನು ಕೆಡಿಸಿದೆ. ಲೋಕದಲ್ಲಿ ಬಿಡುಗಡೆಯ ಹೆಸರಿನಲ್ಲಿ ಆರಂಭವಾದ ಎಷ್ಟೋ ದಂಗೆಗಳ ಚರಿತ್ರೆಯನ್ನು ಓದಿದವರಿಗೆ ಈ ಪರಿಣಾಮ ಅಪರಿಚಿತವಲ್ಲ. ಆಟದ ನಿಯಮವೊಂದು ಅದನ್ನು ಇಷ್ಟು ಸರಳವಾಗಿ ಹಿಡಿದಿರುವುದು ಮೆಚ್ಚತಕ್ಕದ್ದು.

ನಮ್ಮಲ್ಲಿಯೂ ನಡತೆಯನ್ನು ಆಟದ ಮೂಲಕ ಕಲಿಸುವ ಪ್ರಯತ್ನವಾಗಿತ್ತಲ್ಲವೇ ಎಂದು ಓದುಗರು ಕೇಳಬಹುದು. ಆಗಿತ್ತು. ಜಾಗರಣೆಯ ರಾತ್ರಿಗಳಲ್ಲಿ ಮನೆಮಂದಿಯೆಲ್ಲ ಕುಳಿತು ಆಡುತ್ತಿದ್ದ ಪರಮಪದ ಸೋಪಾನದ ಪಟವು ಅದೇ. ಸದ್ಗುಣದ ಮನೆಯಲ್ಲಿ ಏಣಿ, ದುರ್ಗುಣದ ಮನೆಯಲ್ಲಿ ಹಾವು. ಏರಿದವನು ಪರಮಪದವನ್ನು ಮುಟ್ಟುತ್ತಾನೆ. ಪಟದ ಮೇಲೆ ಬರೆದಿರುವುದೆಲ್ಲ ಸರಿ. ಆದರೆ ಆಡುವವನು ಸದ್ಗುಣದ ಮನೆಗೆ ಹೋಗುವುದು ತನ್ನ ಗುಣದಿಂದಲ್ಲ, ಕವಡೆ ಬಿದ್ದ ಪರಿಯಿಂದ. ದಾನದ ಏಣಿಯನ್ನು ಏರಿದವನು ಯಾರಿಗೂ ಏನನ್ನೂ ಕೊಟ್ಟಿರುವುದಿಲ್ಲ. ವಿಧಿಯನ್ನು ತಾಳಿಕೊಳ್ಳುವುದನ್ನು ಆ ಪಟ ಕಲಿಸುತ್ತದೆ. ಆಯ್ಕೆಯ ಹೊಣೆಯನ್ನು ಅದು ಕಲಿಸಲಾರದು. ಹುಲಿ-ಕುರಿ ಆಟದಲ್ಲಿ ಆಯ್ಕೆಯುಂಟು, ಆದರೆ ಅಲ್ಲಿ ಹುಲಿ ಕುರಿಯನ್ನು ತಿಂದರೆ ಹುಲಿಗೆ ಯಾವ ದೋಷವೂ ಇಲ್ಲ. ಹಂಪೆಯ ಮಂಟಪಗಳ ನೆಲಹಾಸಿನ ಮೇಲೆ ಇಂದಿಗೂ ಕಾಣುವ ಆಟದ ಗೆರೆಗಳ ಮುಂದೆ ಕುಳಿತವರು ಗೆಲುವನ್ನಷ್ಟೇ ಎಣಿಸುತ್ತಿದ್ದರು. ಆಯ್ಕೆಯನ್ನೂ ನಡತೆಯನ್ನೂ ಒಂದೇ ಆಟದಲ್ಲಿ ಕಟ್ಟುವುದಕ್ಕೆ ಪ್ರತಿ ಏಟನ್ನೂ ಮರೆಯದೆ ಬರೆದಿಡುವ ಒಬ್ಬ ಕರಣಿಕ ಬೇಕಾಗಿದ್ದ. ಗಣಕಯಂತ್ರವು ಆ ಕರಣಿಕನಾಗಿ ಬಂದಿತು.

ಹೀಗೆ ಹೊಗಳಿದ ಮೇಲೆ ಅದರ ಲೋಪವನ್ನೂ ಹೇಳದಿದ್ದರೆ ನ್ಯಾಯವಾಗದು. ನುರಿತ ಆಟಗಾರರು ಈ ನಡತೆಯ ಲೆಕ್ಕವನ್ನು ದಾಟಲು ಒಂದು ಉಪಾಯವನ್ನು ಕಂಡುಕೊಂಡಿದ್ದಾರೆ. ಅವರು ಸೇನೆಯನ್ನು ಎರಡಾಗಿ ಒಡೆಯುತ್ತಾರೆ. ಒಂದು ಭಾಗವು ಕೊಲ್ಲುವುದಕ್ಕೆ ಮಾತ್ರ. ಅದರ ನಡತೆ ಪಾತಾಳಕ್ಕೆ ಇಳಿದರೂ ಚಿಂತೆಯಿಲ್ಲ. ಅದು ಯಾವ ಊರಿಗೂ ಕಾಲಿಡುವುದಿಲ್ಲ. ಇನ್ನೊಂದು ಭಾಗವು ಹೆಚ್ಚು ಕಾದದ, ಅಂಕಗಳಲ್ಲಿ ನಿರ್ಮಲವಾದ ಪಡೆ. ದಾರಿ ತೆರವಾದ ಮೇಲೆ ಅದು ಮೆಲ್ಲನೆ ಬಂದು ಊರಬಾಗಿಲನ್ನು ತೆರೆದು ಹೂಮಾಲೆಯನ್ನು ಸ್ವೀಕರಿಸುತ್ತದೆ. ಹೆಸರು ಏರುತ್ತಲೇ ಇರುತ್ತದೆ. ನಿಯಮಕ್ಕೆ ಚ್ಯುತಿಯಿಲ್ಲ, ಆದರೆ ನಿಯಮದ ಉದ್ದೇಶ ಎಲ್ಲಿ ಉಳಿಯಿತು? ಕೊಂದವನೂ ಹೂಮಾಲೆ ಧರಿಸಿದವನೂ ಒಬ್ಬನೇ ದಳಪತಿಯ ಆಜ್ಞೆಯನ್ನು ಪಾಲಿಸಿದವರು. ಆಟದ ಕರಣಿಕನು ಸೈನಿಕರ ಕೈಗಳನ್ನು ನೋಡುತ್ತಾನೆ, ಕಳುಹಿದವನ ಮನಸ್ಸನ್ನು ನೋಡಲಾರ. ಇದು ಆಟ ಮಾಡಿದವರ ಕಣ್ತಪ್ಪೋ, ಅಥವಾ ರಾಜಕಾರಣವು ಹೀಗೆಯೇ ನಡೆಯುತ್ತದೆಂದು ಅವರು ಬೇಕೆಂದೇ ಬಿಟ್ಟ ಸಂದೋ ಎಂಬುದನ್ನು ವಾಚಕರು ತಾವೇ ಯೋಚಿಸಬಹುದು. ನನಗಂತೂ ಈ ಸಂದಿನಿಂದಾಗಿ ಆಟದ ಬೆಲೆ ಕುಗ್ಗಿತೆಂದು ತೋರುವುದಿಲ್ಲ. ಉಪಾಯ ಹೂಡಿದವನಿಗೆ ತಾನು ಏನು ಮಾಡುತ್ತಿದ್ದೇನೆಂಬುದು ಚೆನ್ನಾಗಿ ತಿಳಿದಿರುತ್ತದೆ.

ಇನ್ನೊಂದು ಪ್ರಸಂಗವಂತೂ ಪ್ರತ್ಯೇಕ ವಿವೇಚನೆಗೆ ಯೋಗ್ಯ. ದೆನೆಬ್ ಎಂಬ ಮಾಟಗಾತಿಯೊಬ್ಬಳು ಒಂದು ಸೀಮೆಯನ್ನು ಆಳುತ್ತಿದ್ದಾಳೆ. ತನ್ನ ಪ್ರಯೋಗಗಳಿಗೆ ಮನುಷ್ಯರನ್ನು ಬಳಸಿ, ಕುಂಬಳಕಾಯಿಯ ತಲೆಯುಳ್ಳ ವಿಚಿತ್ರ ಜೀವಿಗಳನ್ನು ಸೃಷ್ಟಿಸಿದ್ದಾಳೆ. ಅವಳನ್ನು ಸೋಲಿಸಿದಾಗ ಅವಳು ಪ್ರಾಣಭಿಕ್ಷೆ ಬೇಡುತ್ತಾಳೆ. ಕ್ಷಮಿಸುವುದೋ ಶಿಕ್ಷಿಸುವುದೋ ನಾಯಕನಿಗೆ ಬಿಟ್ಟುದು. ಕ್ಷಮೆ ಶ್ರೇಷ್ಠಗುಣವೆಂದು ನಾವೆಲ್ಲರೂ ಬಾಲ್ಯದಿಂದ ಕೇಳಿದವರೇ. ಆದುದರಿಂದ ಕ್ಷಮಿಸಿದವನು ತನ್ನ ಹೆಸರು ಏರುವುದೆಂದು ನಿರೀಕ್ಷಿಸುತ್ತಾನೆ. ಅದು ಇಳಿಯುತ್ತದೆ, ಅದೂ ಚೆನ್ನಾಗಿಯೇ ಇಳಿಯುತ್ತದೆ. ಮೊದಲ ನೋಟಕ್ಕೆ ಇದು ಅನ್ಯಾಯವೆನಿಸುವುದು ಸಹಜ. ಆದರೆ ನೊಂದವರು ಯಾರು? ಆ ಸೀಮೆಯ ಜನ. ಮಕ್ಕಳನ್ನು, ಗಂಡಂದಿರನ್ನು, ಬಂಧುಗಳನ್ನು ಆ ಪ್ರಯೋಗಶಾಲೆಗೆ ಕಳೆದುಕೊಂಡವರು ಅವರು. ಹೊರಗಿನಿಂದ ಬಂದ ದಳಪತಿಯೊಬ್ಬನು ಅವರನ್ನು ಒಂದು ಮಾತೂ ಕೇಳದೆ ಅವರ ಪರವಾಗಿ ಕ್ಷಮೆಯನ್ನು ಹಂಚಿಬಿಟ್ಟ. ಅವರ ಮುನಿಸಿಗೆ ಕಾರಣವಿದೆ. ಹಾಗೆಂದು ಕೊಲ್ಲುವುದೇ ಸರಿಯೆಂದೂ ಆಟ ಹೇಳುವುದಿಲ್ಲ. ಬದುಕಿಸಿದ ದೆನೆಬಳು ಮುಂದೆ ಸೇನೆಗೆ ನೆರವಾಗಬಲ್ಲಳು. ಕರುಣೆ ತೋರುವೆಯಾದರೆ ತೋರು, ಅದರ ಬೆಲೆಯನ್ನು ನಿನ್ನ ಹೆಸರಿನಿಂದ ತೆರು ಎಂಬಷ್ಟೇ ಅದರ ನಿಲುವು. ಹೆಸರಿಗಾಗಿ ಕರುಣೆ ತೋರುವವನನ್ನೂ ಕರುಣೆಗಾಗಿ ಹೆಸರನ್ನು ಬಿಡುವವನನ್ನೂ ಈ ಪ್ರಸಂಗ ಬೇರ್ಪಡಿಸುತ್ತದೆ.

ಆಟದ ಕೊನೆಯೂ ಒಂದೇ ಬಗೆಯದಲ್ಲ. ಸೇನೆಯ ಹೆಸರು, ನಾಯಕನ ನಡತೆ ಮತ್ತು ವರ್ಚಸ್ಸು, ಯಾರು ಯಾರು ಬಂದು ಸೇರಿದರು, ಇವುಗಳನ್ನು ಅವಲಂಬಿಸಿ ಹಲವು ಅಂತ್ಯಗಳುಂಟು. ಎಲ್ಲವೂ ಸರಿಯಾಗಿದ್ದಲ್ಲಿ ಹಳೆಯ ಅರಸನ ಮಗ ಟ್ರಿಸ್ಟಾನನು ಸಿಂಹಾಸನವನ್ನು ಏರುತ್ತಾನೆ. ನಾಯಕನು ಅವನ ಬಳಿ ಉಳಿಯಬಹುದು, ಅಥವಾ ರಾಜ್ಯವನ್ನು ಒಪ್ಪಿಸಿ ಬೇರೆ ದಾರಿ ಹಿಡಿದು ಹೊರಡಬಹುದು. ಕೆಟ್ಟ ಹೆಸರಿನಿಂದ ಗೆದ್ದವನ ಅಂತ್ಯ ಬೇರೆ. ಸಾಮ್ರಾಜ್ಞಿಯನ್ನು ಕೆಡಹಿದ್ದು ಅವನೂ ಹೌದು, ಇವನೂ ಹೌದು.

ಮಾತ್ಸುನೊ ಅವರು ಇದೇ ವಿಚಾರವನ್ನು ಮುಂದಿನ ಕೃತಿಯಾದ 'ಟ್ಯಾಕ್ಟಿಕ್ಸ್ಓಗರ್'ನಲ್ಲಿ (1995) ಇನ್ನಷ್ಟು ಕಠಿನವಾಗಿ ಮುಂದುವರಿಸಿದರು. ಯುಗೋಸ್ಲಾವಿಯ ದೇಶವು ಒಡೆದು ಜನಾಂಗಗಳು ಪರಸ್ಪರ ಹೊಡೆದಾಡುತ್ತಿದ್ದ ಕಾಲವದು. ಆ ಕದನದ ನೆರಳು ಕಥೆಯ ಮೇಲೆ ಬಿದ್ದಿದೆ. ಆದರೆ ಅಲ್ಲಿ ನಿಲ್ಲದ ಕಾಲದ ವ್ಯೂಹರಚನೆಯಿಲ್ಲ. ಚದುರಂಗದಂತೆ ಸರದಿಯ ಮೇಲೆ ನಡೆಸುವ ಆಟವದು. ಆದುದರಿಂದ ಅದರ ವಿವರ ಇಲ್ಲಿ ಬೇಡ.

'ಓಗರ್ ಬ್ಯಾಟಲ್' ಇಂಗ್ಲಿಷಿಗೆ ಬಂದದ್ದು 1995ರಲ್ಲಿ. ಮೂಲಯಂತ್ರದ ಪೆಟ್ಟಿಗೆಯೊಳಗೆ ಆಟದ ಲೆಕ್ಕವನ್ನು ಉಳಿಸಿಕೊಳ್ಳುವುದಕ್ಕೆ ಒಂದು ಪುಟ್ಟ ಬ್ಯಾಟರಿ ಇರುತ್ತಿತ್ತು. 30 ವರ್ಷಗಳಷ್ಟು ಹಳೆಯದಾದ ಆ ಬ್ಯಾಟರಿ ಬರಿದಾದರೆ ಗೆದ್ದ ರಾಜ್ಯಗಳೂ ಗಳಿಸಿದ ಹೆಸರೂ ಒಟ್ಟಿಗೆ ಅಳಿದುಹೋಗುತ್ತವೆ. ನಿಂಟೆಂಡೊದ 'ವೀ' ಯಂತ್ರಕ್ಕೆ ದೂರಸಂಪರ್ಕದ ಮೂಲಕ ಅದನ್ನು ಮಾರುತ್ತಿದ್ದ ಅಂಗಡಿಯೂ 2019ರ ಜನವರಿಯಲ್ಲಿ ಮುಚ್ಚಿತು. ಅದೇ ವಂಶದ ಹೊಸ ಕೂಸೆಂದು ಹೇಳಬಹುದಾದ 'ಯೂನಿಕಾರ್ನ್ ಓವರ್‌ಲಾರ್ಡ್' ಎಂಬ, ವೆನಿಲ್ಲಾವೇರ್ ಸಂಸ್ಥೆ ರೂಪಿಸಿದ ಆಟವು 2024ರ ಮಾರ್ಚಿಯಲ್ಲಿ ಪ್ರಕಟವಾಯಿತು. ನಿಲ್ಲದ ಕಾಲದಲ್ಲಿ ಭೂಪಟದ ಮೇಲೆ ನಡೆಯುವ ಪಡೆಗಳು, ತಾನೇತಾನಾಗಿ ಸಾಗುವ ಕಾಳಗ, ಬಿಡುಗಡೆಗೊಳ್ಳುವ ಊರುಗಳು ಎಲ್ಲವೂ ಅದರಲ್ಲಿವೆ. ಚಿತ್ರಗಳ ಸೊಬಗಂತೂ ಹಿಂದಿನದಕ್ಕಿಂತ ಎಷ್ಟೋ ಮಿಗಿಲು. ದುರ್ಬಲನನ್ನು ಕೊಂದಾಗ ಇಳಿಯುತ್ತಿದ್ದ ಆ ಅಂಕ ಮಾತ್ರ ಅದರಲ್ಲಿ ಇಲ್ಲ.